ಗೋಲಿನ ಜಾಗದಲ್ಲಿ ತುಳಸಿ

ಮೊನ್ನೆ ಲಂಡನ್ನಿನ ಕಿಂಗ್ಸ್‌ಬರಿ ಸ್ಟೇಷನ್ ಕಡೆಯಿಂದ ಹಾಲು, ಕೊತ್ತಂಬರಿ ಸೊಪ್ಪು ಹಿಡಿದುಕೊಂಡು ಬರುತ್ತಿದ್ದೆ. ಪಾರ್ಕಿನಲ್ಲಿ ಕೌನ್ಸಿಲ್‌ನವರು ಹುಲ್ಲು ಕತ್ತರಿಸುತ್ತಿದ್ದರು. ಹಿಂದಿನ ದಿನ ಮಳೆಯಾಗಿತ್ತು, ಒದ್ದೆ ಹುಲ್ಲಿನ ಹಸಿ ವಾಸನೆ ರಸ್ತೆಯವರೆಗೂ ಬಂದಿತ್ತು. ಚೀಲ ಕೆಳಗಿಟ್ಟು ಅಲ್ಲೇ ಬೆಂಚಿನ ಮೇಲೆ ಕೂತುಬಿಟ್ಟೆ. ಮಂಡಿನೋವು ಅನ್ನುವುದು ನೆಪ. ಆ ವಾಸನೆ ಮೂಗಿಗೆ ಬಿದ್ದರೆ ನಾವು ಸ್ಟೇಡಿಯಮ್ಮಿನ ನೆಲಕ್ಕೆ ಸಂಸಾರ ತಂದ ವರ್ಷ ಕಣ್ಣೆದುರಿಗೆ ಬಂದು ನಿಲ್ಲುತ್ತದೆ.

ಸ್ಟೇಡಿಯಂ ಅಂದರೆ ಎಲ್ಲರೂ ವೆಂಬ್ಲಿಯದು ಅಂದುಕೊಳ್ಳುತ್ತಾರೆ. ಅದಲ್ಲ. ಅದರ ಬಿಳಿ ಕಮಾನು ನಮ್ಮ ಅಡುಗೆಮನೆ ಕಿಟಕಿಗೆ, ಎದುರು ಕಟ್ಟಡದ ಮೂಲೆಯಲ್ಲಿ, ಬುಟ್ಟಿಯ ಹಿಡಿಯಷ್ಟು ಕಾಣುತ್ತಿತ್ತು, ಅಷ್ಟೆ. ನಮ್ಮದು ಹೆಸರಿಲ್ಲದ ಚಿಕ್ಕ ಫುಟ್‌ಬಾಲ್ ಮೈದಾನ. ನಮ್ಮ ಮೈಸೂರಿನಲ್ಲಿ ಬೀದಿಗೊಂದು ಗಣಪತಿ ಗುಡಿ ಇದ್ದ ಹಾಗೆ ಇಲ್ಲಿ ಬಡಾವಣೆಗೊಂದು ಕ್ಲಬ್ಬು, ಅದಕ್ಕೊಂದು ಮೈದಾನ. ಈ ಕ್ಲಬ್ಬು ಸೋತು ಸೊರಗಿ ಜಾಗ ಮಾರಿ ಎಲ್ಲೋ ಹೋಯಿತಂತೆ. ಜನ ನಿಂತು ಕೂಗುತ್ತಿದ್ದ ನಾಲ್ಕು ಬದಿಗೂ ಇಟ್ಟಿಗೆಯ ಫ್ಲಾಟುಗಳು ಎದ್ದವು. ನಡುವೆ ಒಂದಿಷ್ಟು ಹುಲ್ಲು ಉಳಿಸಿ ಅದನ್ನು ಅಂಗಳ ಅಂದರು. ಅಂಗಳದ ಗೋಡೆಗೆ ಒಂದು ಬೋರ್ಡು: ಇಲ್ಲಿ ಚೆಂಡಾಟ ಆಡಬಾರದು.

ಅದನ್ನು ಓದಿ ನಮ್ಮವರು ಆ ವರ್ಷ ಮೊದಲ ಸಲ ನಕ್ಕರು. "ನೋಡೇ, ದೇವಸ್ಥಾನ ಕೆಡವಿ ಮನೆ ಕಟ್ಟಿ, ಇಲ್ಲಿ ಕೈ ಮುಗೀಬಾರದು ಅಂತ ಬರೆದ ಹಾಗಾಯ್ತು" ಅಂದರು. ಆ ಮಾತು ಪೂರ್ತಿಯಾಗಲು ಎಷ್ಟು ಹೊತ್ತು ಬೇಕಾಯಿತೋ. ಚಳಿಗಾಲದಲ್ಲಿ ಅವರಿಗೆ ಸ್ಟ್ರೋಕ್ ಆಗಿತ್ತು. ಬಾಯಿಯ ಬಲ ಅಂಚು ಜೋತುಬಿದ್ದಿತ್ತು. ಬಲಗೈ ಮಡಿಲಲ್ಲಿ ಮಲಗಿಸಿದ ಕೂಸಿನಂತೆ ಸುಮ್ಮನಿರುತ್ತಿತ್ತು.

ಅದಕ್ಕೆ ಮುಂಚೆ ಈಲಿಂಗ್ ರೋಡಿನಲ್ಲಿ ಸೀರೆ ಅಂಗಡಿಯ ಮೇಲೆ ಬಾಡಿಗೆಗಿದ್ದೆವು. ಕಡಿದಾದ ಮೆಟ್ಟಿಲು. ಆಸ್ಪತ್ರೆಯಿಂದ ಅವರನ್ನು ಬಿಟ್ಟಾಗ ಆಂಬ್ಯುಲೆನ್ಸಿನ ಇಬ್ಬರು ಕುರ್ಚಿಯಲ್ಲಿ ಕೂರಿಸಿ ಹೊತ್ತು ತಂದರು. ಆಮೇಲೆ ವಸಂತ ಬರುವ ತನಕ ಅವರು ಕೆಳಗಿಳಿಯಲಿಲ್ಲ. ಆಸ್ಪತ್ರೆಯ ಲ್ಯಾಬಿನಲ್ಲಿ ಇಪ್ಪತ್ತು ವರ್ಷದ ಮೇಲೆ ಊರಿನವರ ರಕ್ತ ಪರೀಕ್ಷೆ ಮಾಡಿದ ಮನುಷ್ಯ, ಕಿಟಕಿಯಲ್ಲಿ ಕೂತು ಬಸ್ಸಿನ ತಲೆ ನೋಡುತ್ತಿದ್ದರು. ಕೊನೆಗೆ ಹೌಸಿಂಗ್ ಆಫೀಸಿನವರು ಕಿಂಗ್ಸ್‌ಬರಿಯ ಈ ನೆಲಮಹಡಿ ಫ್ಲಾಟು ಕೊಟ್ಟರು. ಬಾಗಿಲಿಗೆ ಮೆಟ್ಟಿಲಿಲ್ಲ. ಬಚ್ಚಲಿನಲ್ಲಿ ಹಿಡಿದುಕೊಳ್ಳಲು ಕಂಬಿ. ಅಡುಗೆಮನೆಯ ಬಾಗಿಲು ತೆಗೆದರೆ ಹುಲ್ಲು. ಇದು ದೇವರ ಕೈ ಅಲ್ಲದೆ ಇನ್ನೇನು ಅಂತ ಅಂದು ದೀಪ ಹಚ್ಚಿ ತುಪ್ಪದ ಸಜ್ಜಿಗೆ ಮಾಡಿದೆ.

ಆದರೆ ಸುಸ್ತು. ಆ ವರ್ಷದ ಸುಸ್ತನ್ನು ನೆನೆದರೆ ಈಗಲೂ ತೋಳು ಭಾರವಾಗುತ್ತದೆ. ಎಬ್ಬಿಸುವುದು, ಸ್ನಾನ, ಬಟ್ಟೆ, ತುತ್ತು ಚಿಕ್ಕದು ಮಾಡಿ ಕೊಡುವುದು, ಆಸ್ಪತ್ರೆಯಿಂದ ಬರುವ ವ್ಯಾಯಾಮದವಳು ಹೇಳಿಕೊಟ್ಟ ಹಾಗೆ ಬೆರಳು ಒಂದೊಂದನ್ನೇ ಬಿಡಿಸುವುದು. ಮಗಳು ಮೇಧಾ ಬರ್ಮಿಂಗ್‌ಹ್ಯಾಮಿನಲ್ಲಿ ಕೆಲಸದಲ್ಲಿದ್ದಳು. ವಾರಕ್ಕೊಮ್ಮೆ ಬಂದು ಫ್ರಿಜ್ಜು ತುಂಬಿಸಿ, "ಅಮ್ಮಾ, ಯೂ ನೀಡ್ ಟು ರೆಸ್ಟ್" ಅಂತ ಹೇಳಿ ಹೋಗುತ್ತಿದ್ದಳು. ರೆಸ್ಟ್ ಯಾವ ಅಂಗಡಿಯಲ್ಲಿ ಸಿಗುತ್ತೆ ಅಂತ ಮಾತ್ರ ಹೇಳುತ್ತಿರಲಿಲ್ಲ.

ಬಿಸಿಲು ಬಂದ ಮೇಲೆ ತುಳಸಿ ಕುಂಡವನ್ನು ಹೊರಗಿಟ್ಟೆ. ಅದೂ ಚಳಿಗಾಲವೆಲ್ಲ ರೇಡಿಯೇಟರ್ ಪಕ್ಕ ಕೂತು ನಿತ್ರಾಣವಾಗಿತ್ತು. ನಮ್ಮ ಬಾಗಿಲಿನಿಂದ ಒಂದಿಷ್ಟು ದೂರ, ಹುಲ್ಲು ಶುರುವಾಗುವಲ್ಲಿ ಒಳ್ಳೆ ಬಿಸಿಲು ಬೀಳುತ್ತಿತ್ತು. ಅಲ್ಲೇ ಇಟ್ಟು, ಸಂಜೆ ಗಾಜಿನ ಚಿಮಣಿಯೊಳಗೆ ದೀಪ ಇಡುತ್ತಿದ್ದೆ.

ಶನಿವಾರ ಮಧ್ಯಾಹ್ನ ಒಬ್ಬ ಮುದುಕ ಬರುತ್ತಿದ್ದ. ಬಿಳಿಯ, ಎತ್ತರದ ಆಳು, ಬೇಸಿಗೆಯಲ್ಲೂ ಕೋಟು. ಗೇಟಿನಿಂದ ನೆಟ್ಟಗೆ ನಮ್ಮ ತುಳಸಿಯ ಮುಂದೆ ಬಂದು, ಟೋಪಿ ತೆಗೆದು, ತಲೆ ಬಗ್ಗಿಸಿ ನಿಲ್ಲುತ್ತಿದ್ದ. ಒಂದು ವಾರ ಆಯಿತು, ಎರಡು ವಾರ ಆಯಿತು. ನನಗೆ ಮೈ ಜುಮ್ಮೆಂದಿತು. "ರೀ, ನೋಡ್ರೀ! ಯಾವ ಜನ್ಮದ ಪುಣ್ಯವೋ, ನಮ್ಮ ತುಳಸಮ್ಮನಿಗೆ ನಡ್ಕೊಳ್ತಿದ್ದಾನೆ."

"ಯೋಗಾ ಕ್ಲಾಸಿಗೆ ಹೋಗೋನಿರಬೇಕು" ಅಂದರು ಇವರು.

ಮೂರನೆಯ ಸಲ ಬರಿಗೈಯಲ್ಲಿ ಕಳಿಸುವುದು ಬೇಡವೆಂದು ಒಣದ್ರಾಕ್ಷಿ, ಕಲ್ಲುಸಕ್ಕರೆ ತೆಗೆದುಕೊಂಡು ಹೋಗಿ ಕೈಗೆ ಹಾಕಿದೆ. ಅವನು ಅಂಗೈ ನೋಡಿ, ನನ್ನ ನೋಡಿ, ಎಲ್ಲವನ್ನೂ ಒಂದೇ ಸಲ ಬಾಯಿಗೆ ಹಾಕಿಕೊಂಡ. ಕಟಕಟ ಅಗಿದು, "ಥ್ಯಾಂಕ್ಯೂ, ಲವ್" ಅಂದ. ನಾನು ಒಳಗೆ ಬಂದು ಬಾಗಿಲ ಚಿಲಕ ಹಾಕಿಕೊಂಡೆ.

ಇವರಿಗೆ ನಗು ತಡೆಯಲಾಗದೆ ಕೆಮ್ಮು ಬಂತು. "ಬಸ್ ಡ್ರೈವರೂ ಹಾಗೇ ಅಂತಾನಲ್ಲೇ. ಅವನ ಜೊತೇಲೂ ಓಡಿಹೋಗ್ತೀಯಾ?"

ಅವನ ಹೆಸರು ರಾನ್. ಕೆಲವು ವಾರದಲ್ಲೇ ನಮ್ಮ ಅಡುಗೆಮನೆ ಬಾಗಿಲ ಹೊರಗೆ ಅವನಿಗೊಂದು ಕುರ್ಚಿ ಆಯಿತು. ಒಳಗೆ ಇವರ ಗಾಲಿಕುರ್ಚಿ, ಹೊರಗೆ ಅವನ ಮಡಚುವ ಕುರ್ಚಿ, ನಡುವೆ ಹೊಸಿಲು. ಇವರ ಮಾತು ಬಾಯಿಂದ ಹೊರಡುವ ತನಕ ಕಾಯುವ ತಾಳ್ಮೆ ಅವನಿಗಿತ್ತು. ನಮ್ಮ ಸ್ನೇಹಿತರಿಗೇ ಅದಿರಲಿಲ್ಲ. ಅರ್ಧ ಮಾತು ಬರುವಷ್ಟರಲ್ಲಿ ಉಳಿದರ್ಧ ಅವರೇ ತುಂಬಿ ಮುಗಿಸುತ್ತಿದ್ದರು.

ಮೈದಾನದ ಕತೆಯೆಲ್ಲ ಅವನು ಹೇಳಿದ್ದು. ಮೊದಲು ಇದು ಹುಲ್ಲುಗಾವಲಂತೆ. ಲಂಡನ್ನಿನ ಗಾಡಿಕುದುರೆಗಳಿಗೆ ಇಲ್ಲಿಂದ ಮೇವು ಹೋಗುತ್ತಿತ್ತಂತೆ. ಮೋಟಾರು ಬಂದು ಕುದುರೆ ಹೋದ ಮೇಲೆ, ಪಕ್ಕದ ಕಾರ್ಖಾನೆಯ ಹುಡುಗರು ಊಟದ ಬಿಡುವಿನಲ್ಲಿ ಚೆಂಡು ಒದೆಯಲು ಶುರುಮಾಡಿದರು. ನೆಲ ಸಮವಿರಲಿಲ್ಲ, ಒಂದು ಗೋಲಿಗಿಂತ ಇನ್ನೊಂದು ಆಳುದ್ದ ಕೆಳಗಿತ್ತು. "ಅರ್ಧ ಆಟ ಬೆಟ್ಟ ಹತ್ತೋದು, ಇನ್ನರ್ಧ ಇಳಿಯೋದು" ಅಂತ ರಾನ್ ನಕ್ಕರೆ, ಇವರು, "ನಾನೀಗ ಹತ್ತುವ ಅರ್ಧದಲ್ಲಿದೀನಿ" ಅಂದರು. ಯುದ್ಧದಲ್ಲಿ ಮೈದಾನಕ್ಕೆ ಬಾಂಬು ಬಿತ್ತು. ಆ ಗುಂಡಿಗೆ ಸುತ್ತಲಿನ ಬಿದ್ದ ಮನೆಗಳ ಇಟ್ಟಿಗೆಯನ್ನೇ ತುಂಬಿ, ಮೇಲೆ ಮಣ್ಣು ಹಾಕಿ ಮತ್ತೆ ಆಡಿದರು. ಅವನಪ್ಪ ಅವನನ್ನು ಭುಜದ ಮೇಲೆ ಕೂರಿಸಿಕೊಂಡು ಬಂದದ್ದು, ಮರದ ಗ್ಯಾಲರಿ ಜನರ ಕುಣಿತಕ್ಕೆ ಕಿರುಗುಟ್ಟುತ್ತಿದ್ದದ್ದು, ಕೊನೆಯ ಆಟದ ದಿನ ಗಂಡಸರು ಅಡುಗೆಮನೆ ಚಾಕು ತಂದು ಒಂದೊಂದು ಹಿಡಿ ಹುಲ್ಲು ಕೊಯ್ದು, ಬೇರು ಸಮೇತ ಮನೆಗೆ ಹೊತ್ತದ್ದು. ಆ ಆಟದಲ್ಲೂ ಸೋತರಂತೆ. ಸೋಲುವ ತಂಡಕ್ಕೆ ಇಷ್ಟೊಂದು ನಡೆದುಕೊಳ್ಳುತ್ತಾರಾ ಅಂತ ನಾನು ಬೆರಗಾಗಿ ಕೇಳುತ್ತಿದ್ದೆ. ನಮ್ಮ ಜನ ವರ ಕೊಡದ ದೇವರನ್ನು ಅಷ್ಟು ವರ್ಷ ಇಟ್ಟುಕೊಳ್ಳುವುದಿಲ್ಲ.

ಆಗಸ್ಟ್ ತಿಂಗಳ ಒಂದು ಶನಿವಾರ ರಾನ್ ಹಳದಿ ಗುಲಾಬಿ ತಂದ. ಫುಟ್‌ಬಾಲ್ ಹಂಗಾಮು ಶುರುವಾಗುವ ದಿನವಂತೆ. ಹೂವನ್ನು ತುಳಸಿ ಕುಂಡದ ಬುಡಕ್ಕೆ ಒರಗಿಸಿಟ್ಟು ನನ್ನ ಕಡೆ ತಿರುಗಿದ. ಕಣ್ಣು ಒದ್ದೆಯಾಗಿತ್ತು.

"ಬಹಳ ದಿನದಿಂದ ಕೇಳಬೇಕು ಅಂತಿದ್ದೆ. ಡೊರೀನ್ ಇಲ್ಲಿದ್ದಾಳೆ ಅಂತ ನಿಮಗೆ ಯಾರು ಹೇಳಿದ್ರು?"

ಡೊರೀನ್ ಅವನ ಹೆಂಡತಿ ಅಂತ ಗೊತ್ತಿತ್ತು. ಇಲ್ಲೇ ಯಾವುದೋ ಮನೆಯಲ್ಲಿದ್ದಾಳೆ, ಪಾಪ, ಇಬ್ಬರಿಗೂ ಆಗಿಬಂದಿಲ್ಲ ಅಂತ ತಿಳಿದು, "ಯಾವ ಫ್ಲಾಟು?" ಅಂದೆ.

ಅವನು ಬೂಟಿನ ತುದಿಯಿಂದ ನೆಲ ತೋರಿಸಿದ.

ಡೊರೀನ್ ಮೈದಾನದಲ್ಲಿ ಟೀ ಮಾಡುತ್ತಿದ್ದಳಂತೆ. ಕೆಳಗಿನ ಗೋಲಿನ ಹಿಂದೆ ಟೀ ಗುಡಿಸಲು, ಹೆಚ್ಚುಕಮ್ಮಿ ಈಗ ನನ್ನ ಒಲೆ ಇರುವ ಕಡೆ. ಒಲೆ ಗೋಡೆಯ ಕಡೆಗಿದ್ದದ್ದರಿಂದ ಆಟಕ್ಕೆ ಬೆನ್ನು ಹಾಕಿಯೇ ಜೀವಮಾನ ಕಳೆದಳು. ಜನರ ಕೂಗು ಕೇಳಿಯೇ ಯಾರ ಗೋಲು ಅಂತ ಹೇಳುತ್ತಿದ್ದಳಂತೆ. ಅವಳು ಹೋದ ಮೇಲೆ, ಈಗಲಾದರೂ ಮುಂದಿನಿಂದ ನೋಡಲಿ ಅಂತ ರಾನ್ ಅವಳ ಬೂದಿಯನ್ನು ಗೋಲಿನ ಕಂಬಗಳ ಮುಂದೆ ಚೆಲ್ಲಿದ. ಅವಳೊಬ್ಬಳೇ ಅಲ್ಲ. ಇಲ್ಲಿ ಅದು ವಾಡಿಕೆ. ಮೈದಾನವನ್ನು ಪ್ರೀತಿಸಿದವರು ಬೂದಿಯಾಗಿ ಮೈದಾನಕ್ಕೇ ಬರುತ್ತಾರೆ. ಹೆಚ್ಚು ಹಾಕಿದರೆ ಹುಲ್ಲು ಸುಟ್ಟುಹೋಗುತ್ತದೆ ಅಂತ ಹುಲ್ಲು ನೋಡಿಕೊಳ್ಳುವವನು ಗೊಣಗುತ್ತಿದ್ದನಂತೆ. ಅವನ ಬೂದಿಯೂ ಆಮೇಲೆ ಅಲ್ಲಿಗೇ ಬಂತು.

"ನೀವು ಸರಿಯಾಗಿ ಅದೇ ಜಾಗದಲ್ಲಿ ಗಿಡ ಇಟ್ಟು ದೀಪ ಹಚ್ಚಿದ್ರಿ. ನಾನು ಬಂದಾಗೆಲ್ಲ ಸಿಹಿ ಕೊಟ್ರಿ. ಡೊರೀನ್‌ಗೆ ಖುಷಿಯಾಗಿರುತ್ತೆ, ಲವ್."

ಒಳಗೆ ಬಂದು ತಲೆಗೆ ನೀರು ಹಾಕಿಕೊಂಡೆ. ಏಪ್ರಿಲ್‌ನಿಂದ ತುಳಸಿ ಅಂತ ನಾನು ಪ್ರದಕ್ಷಿಣೆ ಹಾಕಿದ್ದು ಯಾರಿಗೆ? ಅವನು ನನ್ನ ದೇವರಿಗೆ ತಲೆಬಾಗಿದ ಅಂದುಕೊಂಡಿದ್ದೆ. ನಾನು ಅವನ ಹೆಂಡತಿಗೆ ದೀಪ ಇಟ್ಟೆ ಅಂತ ಅವನು ಅಂದುಕೊಂಡಿದ್ದ.

"ಸ್ಮಶಾನದ ಮೇಲೆ ಇದೀವಲ್ರೀ" ಅಂದೆ ಇವರಿಗೆ.

"ಬೂದಿ ಹಣೆ ಮೇಲಿದ್ರೆ ವಿಭೂತಿ, ಕಾಲ ಕೆಳಗಿದ್ರೆ ಭೂತವಾ?" ಅಂದರು. ಅವರಿಗೆ ಎಲ್ಲಕ್ಕೂ ಒಂದು ಮಾತಿತ್ತು. ನನಗೆ ಹೆದರಿಕೆ ಇತ್ತು.

ಅದಾದ ನಾಲ್ಕೈದು ದಿನಕ್ಕೆ ಇವರು ಬಚ್ಚಲಲ್ಲಿ ಬಿದ್ದರು. ಕಂಬಿ ಹಿಡಿದ ಎಡಗೈ ಜಾರಿತು. ಮೂಳೆ ಮುರಿಯಲಿಲ್ಲ, ಅದು ಭಗವಂತನ ದಯೆ. ಆದರೆ ಸೊಂಟ ನೀಲಿಗಟ್ಟಿತು, ಅಷ್ಟು ದಿನ ಹಾಕುತ್ತಿದ್ದ ನಾಲ್ಕು ಹೆಜ್ಜೆಯೂ ನಿಂತಿತು. ಮಾತಾಡಿಸಲು ಬಂದ ರತ್ನಕ್ಕ ಎಲ್ಲ ಕೇಳಿ ಕೆನ್ನೆಗೆ ಕೈ ಇಟ್ಟುಕೊಂಡರು. ರತ್ನಕ್ಕ ಕ್ವೀನ್ಸ್‌ಬರಿಯವರು, ನಮ್ಮ ಭಜನೆಯ ಗುಂಪಿಗೆ ಹಿರಿಯರು, ಕೆಟ್ಟವರಲ್ಲ.

"ಅಯ್ಯೋ ನಿನ್ನ! ಕಾಯಿಲೆ ಮನುಷ್ಯನ್ನ ಬೂದಿ ಮೇಲೆ ತಂದು ಮಲಗಿಸಿದೀಯಲ್ಲೇ. ವಾಸಿ ಹೇಗಾಗುತ್ತೆ? ಮೊದಲು ಆ ಮನೆ ಬಿಡು."

ಬೂದಿಯ ವಿಷಯ ಮೇಧಾಗೆ ಹೇಳಿದರೆ, "ಅಮ್ಮಾ, ಇಟ್ಸ್ ಜಸ್ಟ್ ಕ್ಯಾಲ್ಸಿಯಂ" ಅಂದಳು. ಇರಬಹುದು. ಆದರೆ ರಾತ್ರಿ ಹಗಲು ಅವರ ಉಸಿರು ಎಣಿಸುತ್ತಿದ್ದವಳು ನಾನು. ಸುಸ್ತಾದ ಮನಸ್ಸಿಗೆ ಯಾವ ಮಾತೂ ನಾಟುತ್ತದೆ. ತುಳಸಿಯನ್ನು ಒಳಗೆ ತಂದೆ. ಹೌಸಿಂಗ್ ಆಫೀಸಿಗೆ ಫೋನ್ ಮಾಡಿ ಬೇರೆ ಮನೆ ಕೇಳಿದೆ. ಇವರು ಬೇಡ ಅನ್ನಲಿಲ್ಲ, ಹೂಂ ಅನ್ನಲಿಲ್ಲ. "ನಿನಗೆ ನೆಮ್ಮದಿ ಆಗೋ ಹಾಗೆ ಮಾಡು. ಹೊರೋಳು ನೀನು" ಅಂದರು. ಅದು ಬೈದಿದ್ದಕ್ಕಿಂತ ಹೆಚ್ಚಾಯಿತು.

ಮುಂದಿನ ಶನಿವಾರ ರಾನ್ ಬಂದ. ಕುಂಡವಿದ್ದ ಜಾಗದಲ್ಲಿ ಹುಲ್ಲು ದುಂಡಗೆ ಬೆಳ್ಳಗಾಗಿತ್ತು. ಅದನ್ನೇ ನೋಡುತ್ತ ನಿಂತ. ಆಮೇಲೆ ಬಾಗಿಲ ಹತ್ತಿರ ಬಂದು, "ಚಳಿಗೆ ಒಳಗಿಟ್ಟಿರಾ? ಒಳ್ಳೇದೇ ಆಯ್ತು. ಗಿಡಕ್ಕೆ ತಡೆಯಲ್ಲ" ಅಂದ. ಹೊರಗೆ ಬೆವರು ಬರುವ ಬಿಸಿಲು. ಅವನಿಗೆ ಗೊತ್ತಾಗಿತ್ತು. ಆ ದಿನ ಕುರ್ಚಿ ಕೇಳಲಿಲ್ಲ. ಇವರ ಭುಜ ಮುಟ್ಟಿ ಹೊರಟುಹೋದ.

ಸೆಪ್ಟೆಂಬರಿನಲ್ಲಿ ಆಫೀಸಿನ ಹುಡುಗಿ ಫೋನ್ ಮಾಡಿದಳು. ಕ್ವೀನ್ಸ್‌ಬರಿಯಲ್ಲಿ ಮೂರನೆಯ ಮಹಡಿ, ಲಿಫ್ಟ್ ಇದೆ, ತಿಂಗಳ ಕೊನೆಯೊಳಗೆ ಹೇಳಬೇಕು. ರತ್ನಕ್ಕನ ಜೊತೆ ನೋಡಲು ಹೋದೆ. ಲಿಫ್ಟಿನ ಬಾಗಿಲಿಗೆ ಕಾಗದ ಅಂಟಿಸಿತ್ತು, ರಿಪೇರಿ. ಹತ್ತಿ ಹೋದೆವು. ಮನೆ ಚೊಕ್ಕಟವಾಗಿತ್ತು. ಕಿಟಕಿಯಿಂದ ನೋಡಿದರೆ ನೆಲ ಎಲ್ಲೋ ಕೆಳಗೆ. ಇವರು ಮತ್ತೆ ಇಲ್ಲಿ ಕೂತು ಬಸ್ಸಿನ ತಲೆ ನೋಡುತ್ತಾರೆ ಅನ್ನಿಸಿತು. "ಲಿಫ್ಟು ಇವತ್ತಲ್ಲ ನಾಳೆ ಸರಿಹೋಗುತ್ತೆ. ನೆಲ ಸರಿಹೋಗುತ್ತಾ?" ಅಂದರು ರತ್ನಕ್ಕ. ಕಂಬಿ ಹಿಡಿದು ಮೆಟ್ಟಿಲು ಎಣಿಸುತ್ತ ಇಳಿದೆ.

ಅದೇ ವಾರ ಮಹಾಲಯ ಅಮಾವಾಸ್ಯೆ. ಮದುವೆಯಾದಾಗಿನಿಂದ ಇವರು ಅಪ್ಪ ಅಮ್ಮನಿಗೆ ತರ್ಪಣ ತಪ್ಪಿಸಿದವರಲ್ಲ. ಈ ಸಲ ಬಲಗೈ ಇಲ್ಲ. ನೀರು ಹೆಬ್ಬೆರಳು ತೋರುಬೆರಳ ನಡುವಿನಿಂದ ಇಳಿಯಬೇಕು, ಅದೂ ಬಲಗೈಯಿಂದ. "ಎಡಗೈಲಿ ಬಿಟ್ರೆ ಅಪ್ಪ ತಗೊಳಲ್ಲ. ಮೊದಲೇ ಶಿಸ್ತಿನ ಮನುಷ್ಯ" ಅಂತ ನಗಾಡಿದರೂ ಅವರ ಮುಖ ಬಾಡಿತ್ತು.

ನಮ್ಮ ಪುರೋಹಿತರು ವಾರವೆಲ್ಲ ಐಟಿ ಕೆಲಸದವರು. ಆಫೀಸಿಗೆ ಮುಂಚೆ, ಬೆಳಗ್ಗೆ, ಹತ್ತಾರು ಮನೆಗೆ ಒಟ್ಟಿಗೆ ವಿಡಿಯೋದಲ್ಲೇ ತರ್ಪಣ ಮಾಡಿಸುತ್ತಿದ್ದರು. ಫೋನನ್ನು ಕಾಫಿಪುಡಿ ಡಬ್ಬಕ್ಕೆ ಒರಗಿಸಿದೆ. ಚೌಕಚೌಕದಲ್ಲಿ ಗಂಡಸರ ಬರಿ ಭುಜಗಳು. ಒಂದು ಚೌಕದಲ್ಲಿ ರತ್ನಕ್ಕನ ಯಜಮಾನರು, ಅವರ ಹಿಂದೆ ರತ್ನಕ್ಕನ ಸೆರಗು.

"ಎಲ್ಲರೂ ಮ್ಯೂಟ್ ಮಾಡ್ಕೊಳಿ. ಯಾರದೋ ಕುಕ್ಕರ್ ಕೂಗ್ತಿದೆ. ದಕ್ಷಿಣಕ್ಕೆ ತಿರುಗಿ. ಜನಿವಾರ ಬಲ ಹೆಗಲಿಗೆ."

ಜನಿವಾರ ನಾನೇ ಬದಲಿಸಿದೆ. ಎಳ್ಳು ಇಟ್ಟೆ. ಅವರ ಅಂಗೈ ಕೆಳಗೆ ನನ್ನ ಅಂಗೈ ಇಟ್ಟು, ಇನ್ನೊಂದು ಕೈಯಲ್ಲಿ ನೀರು ಹಾಕಿ, ಮೆಲ್ಲಗೆ ವಾಲಿಸಿದೆ. ಮೊದಲ ಸಲ ನೀರು ಮಣಿಕಟ್ಟಿಗೆ ಹರಿಯಿತು. ಎರಡನೆಯ ಸಲವೂ. ಮೂರನೆಯ ಸಲ ಹೆಬ್ಬೆರಳು ತಾನಾಗಿ ಒಂದಿಷ್ಟು ಸರಿಯಿತು. ವ್ಯಾಯಾಮದವಳ ಮುಂದೆ ಒಂದು ದಿನವೂ ಸರಿಯದ ಬೆರಳು. ನೀರು ಎಳ್ಳಿನ ಸಮೇತ ಸರಿಯಾದ ದಾರಿಯಲ್ಲಿ ಇಳಿದು ತಟ್ಟೆಗೆ ಬಿತ್ತು. ನಾವಿಬ್ಬರೂ ಮುಖ ನೋಡಿಕೊಳ್ಳಲಿಲ್ಲ. ನೋಡಿಕೊಂಡಿದ್ದರೆ ಮಂತ್ರ ತಪ್ಪುತ್ತಿತ್ತು.

ಅಪ್ಪ, ಅಜ್ಜ, ಮುತ್ತಜ್ಜ, ಅಮ್ಮನ ಕಡೆಯವರು ಎಲ್ಲ ಮುಗಿದು ಪುರೋಹಿತರು, "ಈಗ ಗುರುಗಳು, ಸ್ನೇಹಿತರು, ಯಾರಿಗೆ ಕೊಡಬೇಕು ಅನ್ನಿಸುತ್ತೋ ಅವರ ಗೋತ್ರ, ಹೆಸರು ಹೇಳಿ ಬಿಡಿ" ಅಂದರು. ಇವರು ನನ್ನ ಕಡೆ ನೋಡಿ, ಕಣ್ಣಲ್ಲೇ ಫೋನ್ ತೋರಿಸಿದರು. ಅನ್‌ಮ್ಯೂಟ್ ಮಾಡಿದೆ.

"ಗೋತ್ರ... ಗೊತ್ತಿಲ್ಲದಿದ್ರೆ?"

"ಕಾಶ್ಯಪ ಅನ್ನಿ ಸಾರ್. ಗೋತ್ರ ತಿಳಿಯದವರೆಲ್ಲ ಕಾಶ್ಯಪರೇ. ಹೆಸರು?"

"ಡೊರೀನ್."

ರತ್ನಕ್ಕನ ಸೆರಗು ಸರಿದು ರತ್ನಕ್ಕನ ಮುಖವೇ ಬಂತು. ಪುರೋಹಿತರು ಗಡಿಯಾರ ನೋಡಿಕೊಂಡರು, ಅವರಿಗೆ ಟ್ಯೂಬ್ ರೈಲು ಹಿಡಿಯಬೇಕಿತ್ತು.

"ಸರಿ. ಕಾಶ್ಯಪ ಗೋತ್ರ, ಡೊರೀನ್ ನಾಮ್ನೀಂ. ಬಿಡಿ ಸಾರ್ ನೀರು."

ಬಿಟ್ಟರು. ಆಮೇಲೆ ಇವರು ನಿಲ್ಲಿಸಲೇ ಇಲ್ಲ. ರಾನ್ ಹೇಳಿದ್ದ ಒಬ್ಬೊಬ್ಬರನ್ನೂ ನೆನಪಿಟ್ಟುಕೊಂಡಿದ್ದರು. ಹುಲ್ಲು ನೋಡಿಕೊಳ್ಳುತ್ತಿದ್ದ ಸಿಡ್, ಒಂದು ಕಣ್ಣಿನ ಗೋಲ್‌ಕೀಪರ್ ಆಲ್ಫ್, ಟಿಕೆಟ್ ಹರಿಯುತ್ತಿದ್ದ ವಾಲ್ಟರ್. ಎಲ್ಲರೂ ಕಾಶ್ಯಪ ಗೋತ್ರ. ಎಲ್ಲರಿಗೂ ನಾನು ನೀರು ಹಾಕಿದೆ, ಎಳ್ಳು ಹಾಕಿದೆ. ಕೊನೆಗೆ ಪುರೋಹಿತರು ಅಪ್ಪ, ಅಮ್ಮ, ಬಂಧು ಯಾರೂ ಇಲ್ಲದೆ ಹೋದವರೆಲ್ಲ ಈ ನೀರಿನಿಂದ ತೃಪ್ತರಾಗಲಿ ಅನ್ನುವ ಮಂತ್ರ ಹೇಳಿಸಿದರು. ಅದನ್ನು ವರ್ಷವರ್ಷವೂ ಕೇಳಿದ್ದೆ. ಕೇಳುವಾಗ ಮನಸ್ಸು ಹೆಸರುಬೇಳೆ ಪಾಯಸದ ಕಡೆ ಇರುತ್ತಿತ್ತು. ಅಂದು ಮೊದಲ ಸಲ ಅರ್ಥ ಆಯಿತು. ನಮ್ಮ ಹಿರಿಯರು ಯಾರನ್ನೂ ಹೊರಗಿಟ್ಟಿರಲಿಲ್ಲ. ಇಟ್ಟದ್ದು ನನ್ನ ಹೆದರಿಕೆ.

ತರ್ಪಣದ ನೀರನ್ನು ಯಾರೂ ತುಳಿಯದ ಕಡೆ ಹಾಕಬೇಕು. ಹೊರಗೆ ಹೋಗಿ, ಬಿಳಿಚಿದ್ದ ಆ ದುಂಡು ಹುಲ್ಲಿಗೆ ಹಾಕಿ ಬಂದೆ.

ಸ್ವಲ್ಪ ಹೊತ್ತಿಗೆ ರತ್ನಕ್ಕನ ಫೋನು. ಬೈಗುಳಕ್ಕೆ ಸಿದ್ಧಳಾಗಿ ಎತ್ತಿದೆ. "ಅವರ ಬೆರಳು ಅಲ್ಲಾಡ್ತಲ್ಲೇ. ನಾನೂ ನೋಡಿದೆ" ಅಂದರು. ಮನೆಯ ವಿಷಯ ಎತ್ತಲಿಲ್ಲ.

ಬೆರಳು ಅಷ್ಟಕ್ಕೇ ನಿಂತಿತು, ಸುಳ್ಳು ಹೇಳಬಾರದು. ಅವರಿಗೆ ಆ ಕೈ ಪೂರ್ತಿ ಬರಲೇ ಇಲ್ಲ. ನನ್ನ ಸುಸ್ತೂ ಹೋಗಲಿಲ್ಲ. ಆದರೆ ಹೆದರಿಕೆ ಹೋಗಿತ್ತು. ಅದನ್ನು ಇಳಿಸಿದ ಮೇಲೆ, ಹೊರಲು ಇವರೊಬ್ಬರೇ ಉಳಿದರು.

ಸೋಮವಾರ ಹೌಸಿಂಗ್ ಆಫೀಸಿಗೆ ಫೋನ್ ಮಾಡಿ ಕ್ವೀನ್ಸ್‌ಬರಿ ಮನೆ ಬೇಡ ಅಂದೆ. ಹುಡುಗಿಗೆ ಕಂಪ್ಯೂಟರಿನಲ್ಲಿ ಕಾರಣ ತುಂಬಬೇಕಿತ್ತು. ಲಿಫ್ಟ್ ಸರಿಯಿಲ್ಲವೆಂದೇ? ದೂರವೆಂದೇ? ಅಲ್ಲಮ್ಮ ಅಂದೆ. ಮತ್ತೇನು ಅಂದಳು. ನನಗೆ ಬರುವ ಇಂಗ್ಲಿಷಿನಲ್ಲಿ ಹೇಳಿದೆ:

"ವಿ ಹ್ಯಾವ್ ಫ್ಯಾಮಿಲಿ ಹಿಯರ್."

"ಓ, ದಟ್ಸ್ ಲವ್ಲಿ" ಅಂದಳು, ಬರೆದುಕೊಂಡಳು. ಇವರಿಗೆ ಊಟದ ಹೊತ್ತಾಗಿತ್ತು. ಫೋನ್ ಇಟ್ಟು ಅನ್ನಕ್ಕೆ ನೀರಿಟ್ಟೆ.